ಆ ಅಡುಗೆಮನೆಯ ಫಲಕವನ್ನು ಬದಲಿಸಿ: ವಸ್ತುಸಂಗ್ರಹಾಲಯದ ಮುಖ್ಯಸ್ಥರಿಗೆ ಬಹಿರಂಗ ಪತ್ರ

ಮಾನ್ಯರೇ,

ನಿಮ್ಮ ವಸ್ತುಸಂಗ್ರಹಾಲಯದಲ್ಲಿ 1950ರ ದಶಕದ ಅಮೆರಿಕನ್ ಅಡುಗೆಮನೆಯೊಂದನ್ನು ಅಚ್ಚುಕಟ್ಟಾಗಿ ಜೋಡಿಸಿಟ್ಟಿದ್ದೀರಿ. ತಿಳಿಗುಲಾಬಿ ಬಣ್ಣದ ಫ್ರಿಜ್, ಅದೇ ಬಣ್ಣದ ಒಲೆ, ಮುಂದೆ ಗಾಜಿನ ಬಾಗಿಲಿರುವ ವಾಷಿಂಗ್ ಮೆಷಿನ್, ಗೋಡೆಯ ಮೇಲೆ ಆ ಕಾಲದ ಪತ್ರಿಕೆಗಳಿಂದ ತೆಗೆದು ಚೌಕಟ್ಟು ಹಾಕಿಸಿದ ಜಾಹೀರಾತುಗಳು. ವಸ್ತುಗಳನ್ನು ಕಾಪಾಡಿದ ರೀತಿಯಲ್ಲಿ ಯಾವ ಕೊರತೆಯೂ ಇಲ್ಲ. ನನ್ನ ತಕರಾರು ಪಕ್ಕದ ಫಲಕದ ಬಗ್ಗೆ. ಎರಡನೆಯ ಮಹಾಯುದ್ಧ ಮುಗಿದ ಮೇಲೆ ಬಂದ ಈ ಯಂತ್ರಗಳು ಗೃಹಿಣಿಯನ್ನು ದುಡಿಮೆಯಿಂದ ಬಿಡಿಸಿ ಅವಳಿಗೆ ಬಿಡುವು ತಂದುಕೊಟ್ಟವು ಎಂದು ಆ ಫಲಕ ಹೇಳುತ್ತದೆ. ಅದಕ್ಕೆ ಆಧಾರವಾಗಿ ತೋರಿಸುವುದು ಮಾತ್ರ ಮೇಲೆ ತೂಗುಹಾಕಿರುವ ಜಾಹೀರಾತುಗಳನ್ನೇ. ಮಾರಿದವರ ಮಾತನ್ನು ತೆಗೆದುಕೊಂಡು ಅದನ್ನು ಬಳಸಿದವಳ ಅನುಭವ ಎಂದು ಬರೆದಿದ್ದೀರಿ. ಆ ಫಲಕ ಬದಲಾಗಬೇಕು ಎಂದು ಕೇಳಲು ಈ ಪತ್ರ.

ಇದರ ಇಂಗ್ಲಿಷ್ ಪ್ರತಿಯನ್ನು ನಿಮ್ಮ ಕಚೇರಿಗೆ ಅಂಚೆಯಲ್ಲಿ ಕಳುಹಿಸಿದ್ದೇನೆ. ಕನ್ನಡದಲ್ಲಿ ಬಹಿರಂಗವಾಗಿ ಬರೆಯುವುದಕ್ಕೂ ಕಾರಣವಿದೆ. ನ್ಯೂಜೆರ್ಸಿಯಲ್ಲಿ, ಸುತ್ತಲಿನ ರಾಜ್ಯಗಳಲ್ಲಿ ನೆಲೆಸಿರುವ ನಾವು ಕನ್ನಡಿಗರು ಬೇಸಿಗೆ ಬಂತೆಂದರೆ ಊರಿನಿಂದ ಬಂದ ಅಪ್ಪ ಅಮ್ಮಂದಿರನ್ನು, ಅತ್ತೆ ಮಾವಂದಿರನ್ನು ವಾರಾಂತ್ಯಗಳಲ್ಲಿ ಇಂಥ ಕಡೆಗಳಿಗೆ ಕರೆದೊಯ್ಯುತ್ತೇವೆ. ಹಿರಿಯರು ಎಲ್ಲಕ್ಕಿಂತ ಹೆಚ್ಚು ಹೊತ್ತು ನಿಲ್ಲುವುದು ಆ ಅಡುಗೆಮನೆಯ ಮುಂದೆ. ಫಲಕದಲ್ಲಿ ಏನಿದೆ ಎಂದು ಅವರು ಕೇಳುತ್ತಾರೆ, ನಾವು ಕನ್ನಡದಲ್ಲಿ ಹೇಳುತ್ತೇವೆ. ಆ ಮಾತು ಫೋಟೊ ಸಮೇತ ಹಾಸನಕ್ಕೋ ಶಿರಸಿಗೋ ಹೋಗಿ ಮನೆಮಂದಿಯ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಅಮೆರಿಕದ ಚರಿತ್ರೆಯಾಗಿ ನಿಲ್ಲುತ್ತದೆ. ಹಾಗೆ ಹೇಳಿ ಕಳುಹಿಸುವವರಿಗೂ ಉಳಿದ ಅರ್ಧ ಕಥೆ ಗೊತ್ತಿರಲಿ ಎಂಬುದು ನನ್ನ ಆಸೆ.

ಯಂತ್ರಗಳ ಮೇಲೆ ನನಗೆ ಮುನಿಸಿಲ್ಲ. 1930ರ ದಶಕದ ನಡುವಿನಲ್ಲಿ ಅಮೆರಿಕದ ಹತ್ತು ರೈತ ಮನೆಗಳಲ್ಲಿ ಒಂಬತ್ತಕ್ಕೆ ವಿದ್ಯುತ್ ಇರಲಿಲ್ಲ. ನೀರು ಸೇದಿ, ಹೊತ್ತು ತಂದು, ಸೌದೆ ಒಲೆಯ ಮೇಲೆ ಕಾಯಿಸಿ, ಗೀರುಗಳಿರುವ ಹಲಗೆಯ ಮೇಲೆ ಉಜ್ಜಿ, ಒದ್ದೆ ಹೊದಿಕೆಗಳನ್ನು ಕೈಯಿಂದ ಹಿಂಡಿ ಒಣಹಾಕಬೇಕಿತ್ತು. ಸೋಮವಾರ ಇಡೀ ದಿನ ಒಗೆಯುವುದಕ್ಕೆ, ಮಂಗಳವಾರ ಇಸ್ತ್ರಿಗೆ; ಇಸ್ತ್ರಿಪೆಟ್ಟಿಗೆಯನ್ನು ಬೇಸಿಗೆಯಲ್ಲೂ ಒಲೆಯ ಮೇಲೆ ಕಾಯಿಸಿಕೊಳ್ಳಬೇಕು. 1935ರಲ್ಲಿ ಗ್ರಾಮೀಣ ವಿದ್ಯುದೀಕರಣ ಆಡಳಿತ ಹುಟ್ಟಿಕೊಂಡು, ಸಹಕಾರ ಸಂಘಗಳ ಮೂಲಕ ಹಳ್ಳಿಗಳಿಗೆ ತಂತಿ ಎಳೆದ ಮೇಲೆ ಆ ಹೆಂಗಸರ ಸೊಂಟಕ್ಕೂ ತೋಳಿಗೂ ಸಿಕ್ಕ ನೆಮ್ಮದಿ ನಿಜವಾದದ್ದು. 1940ರಲ್ಲಿ ಶೇ 44ರಷ್ಟು ಮನೆಗಳಲ್ಲಿದ್ದ ಯಾಂತ್ರಿಕ ರೆಫ್ರಿಜರೇಟರ್ 1950ರ ಹೊತ್ತಿಗೆ ಶೇ 80ರಷ್ಟು ಮನೆಗಳಲ್ಲಿತ್ತು. ಜನ ಅದನ್ನು ಬೇಕೆಂದೇ ಕೊಂಡರು. ಆದರೆ ಭಾರ ಇಳಿಯಿತು ಎಂಬುದು ಒಂದು ಮಾತು, ಹೊತ್ತು ಉಳಿಯಿತು ಎಂಬುದು ಇನ್ನೊಂದು. ಮೊದಲನೆಯದಕ್ಕೆ ಪುರಾವೆ ಇದೆ. ನಿಮ್ಮ ಫಲಕ ಹೇಳುತ್ತಿರುವುದು ಎರಡನೆಯದನ್ನು.

ಜಾಹೀರಾತಿನ ಕಥೆ ಯುದ್ಧ ಮುಗಿದ ಮೇಲೆ ಶುರುವಾದದ್ದಲ್ಲ ಎಂಬುದನ್ನೂ ಫಲಕ ಬಿಟ್ಟುಬಿಟ್ಟಿದೆ. 1942ರಲ್ಲಿ ಸರ್ಕಾರ ಮನೆಬಳಕೆಯ ರೆಫ್ರಿಜರೇಟರ್, ವಾಷಿಂಗ್ ಮೆಷಿನ್‌ಗಳ ತಯಾರಿಕೆಯನ್ನು ನಿಲ್ಲಿಸಿತು. ಫ್ರಿಜಿಡೇರ್ ಕಾರ್ಖಾನೆ ಮೆಷಿನ್ ಗನ್‌ಗಳನ್ನೂ ವಿಮಾನದ ಪ್ರೊಪೆಲರ್‌ಗಳನ್ನೂ ಮಾಡತೊಡಗಿತು. ಅಂಗಡಿಯಲ್ಲಿ ಸರಕಿಲ್ಲ, ಆದರೂ ಜಾಹೀರಾತು ನಿಲ್ಲಲಿಲ್ಲ. ಯುದ್ಧದ ನಡುವೆ ಜನರಲ್ ಎಲೆಕ್ಟ್ರಿಕ್ ಹೊರತಂದ ಒಂದು ಜಾಹೀರಾತಿನಲ್ಲಿ ಮರುದಿನ ಯುದ್ಧಕ್ಕೆ ಹೊರಡುವ ಯುವಕನೂ ಅವನ ಹುಡುಗಿಯೂ ಕುಳಿತು ಮರಳಿನ ಮೇಲೆ ಮನೆಯ ಚಿತ್ರ ಬರೆಯುತ್ತಾರೆ. ಆ ಪುಟ್ಟ ಮನೆ ಒಂದು ಭರವಸೆ, ಗೆಲುವಿನ ನಂತರ ಬರುವ ಸುಖದ ದಿನಗಳ ವಾಗ್ದಾನ ಎಂದು ಕೆಳಗಿನ ಸಾಲುಗಳು ಹೇಳುತ್ತವೆ. ಈಗ ಯುದ್ಧದ ಬಾಂಡ್ (ಸರ್ಕಾರಕ್ಕೆ ಕೊಡುವ ಸಾಲದ ಪತ್ರ) ಕೊಳ್ಳಿ, ಆಮೇಲೆ ಅದೇ ಹಣದಲ್ಲಿ ವಿದ್ಯುತ್ ಅಡುಗೆಮನೆ ಕೊಳ್ಳಬಹುದು ಎಂಬುದು ಆ ಕಾಲದ ಜಾಹೀರಾತುಗಳ ಸಾಮಾನ್ಯ ಧಾಟಿ. ಸಾವಿನ ಸುದ್ದಿ ಮನೆಮನೆಗೆ ತಲುಪುತ್ತಿದ್ದ ದಿನಗಳಲ್ಲಿ, ಗಂಡ ಹಿಂದಿರುಗುತ್ತಾನೆ ಎಂಬ ಆಸೆಯ ಜೊತೆಗೇ ಫ್ರಿಜ್ಜಿನ ಆಸೆಯನ್ನೂ ಹೆಣೆದಿಟ್ಟರು. ಯುದ್ಧ ಮುಗಿಯುವ ಹೊತ್ತಿಗೆ ಜನರ ಕೈಯಲ್ಲಿ ಉಳಿತಾಯವೂ ಇತ್ತು, ಮನಸ್ಸಿನಲ್ಲಿ ಆ ಚಿತ್ರವೂ ಇತ್ತು.

ಆ ಕಾರ್ಖಾನೆಗಳಲ್ಲಿ ದುಡಿಯುತ್ತಿದ್ದವರು ಯಾರು? ದೊಡ್ಡ ಸಂಖ್ಯೆಯಲ್ಲಿ ಹೆಂಗಸರೇ. ಯುದ್ಧದ ಕೊನೆಯಲ್ಲಿ ಅಮೆರಿಕದ ಕಾರ್ಮಿಕ ಇಲಾಖೆಯ ಮಹಿಳಾ ವಿಭಾಗ ಹತ್ತು ಯುದ್ಧೋತ್ಪಾದನಾ ಪ್ರದೇಶಗಳಲ್ಲಿ ಸಮೀಕ್ಷೆ ಮಾಡಿದಾಗ ನಾಲ್ವರಲ್ಲಿ ಮೂವರು ಹೆಂಗಸರು ಶಾಂತಿ ಬಂದ ಮೇಲೂ ಕೆಲಸದಲ್ಲಿ ಮುಂದುವರಿಯುತ್ತೇವೆ ಎಂದಿದ್ದರು. ಅವರನ್ನು ಗುಂಪುಗುಂಪಾಗಿ ಕೆಲಸದಿಂದ ಬಿಡಿಸಲಾಯಿತು. ಫ್ರಿಜ್ ಮಾರುವವರಿಗೆ ಆಗ ಒಂದು ಪ್ರಶ್ನೆ ಎದುರಾಯಿತು: ಮನೆಗೆ ಮರಳುವ ಈ ಹೆಣ್ಣು ಎಂಥವಳಾಗಿರಬೇಕು?

ಪ್ರಶ್ನೆಯನ್ನು ಅವರು ಇದೇ ರೀತಿ ಕೇಳಿದ್ದರು ಎಂಬುದಕ್ಕೆ ದಾಖಲೆ ಇದೆ, ಅದನ್ನು ಹೊರಗೆ ತಂದವರು ಅಮೆರಿಕದ ಸ್ತ್ರೀವಾದಿ ಲೇಖಕಿ ಬೆಟ್ಟಿ ಫ್ರೀಡನ್. ಗ್ರಾಹಕರ ಮನಸ್ಸನ್ನು ಅಳೆದು ಕಂಪನಿಗಳಿಗೆ ವರದಿ ಮಾರುತ್ತಿದ್ದ ಸಲಹೆಗಾರರೊಬ್ಬರು ತಮ್ಮ ಕಡತಗಳನ್ನು ಅವರಿಗೆ ತೋರಿಸಿದ್ದರು. 1963ರ ತಮ್ಮ ಪುಸ್ತಕದಲ್ಲಿ ಫ್ರೀಡನ್ ಒಂದು ಅಧ್ಯಾಯವನ್ನೇ ಅದಕ್ಕೆ ಮೀಸಲಿಟ್ಟರು. 1945ರಲ್ಲಿ ಗೃಹೋಪಯೋಗಿ ಯಂತ್ರಗಳ ಬಗ್ಗೆ ನಡೆದ ಅಧ್ಯಯನವೊಂದು 4,500 ಮಧ್ಯಮ ವರ್ಗದ ಹೆಂಗಸರನ್ನು ಮೂರು ಬಗೆಯಾಗಿ ವಿಂಗಡಿಸಿತ್ತು. ಮೊದಲನೆಯವಳು ಅಪ್ಪಟ ಗೃಹಿಣಿ. ಮನೆಗೆಲಸವೇ ಅವಳ ಹೆಮ್ಮೆ, ಅದಕ್ಕೇ ಹೊಸ ಯಂತ್ರವನ್ನು ಕಂಡರೆ ಅನುಮಾನ, ಅದು ಬಂದರೆ ತಾನು ಬೇಡವಾಗುತ್ತೇನೆ ಎಂಬ ಅಳುಕು. ಎರಡನೆಯವಳು ಹೊರಗೆ ದುಡಿಯುವವಳು, ಅಥವಾ ದುಡಿಯಬೇಕೆಂಬ ಆಸೆ ಇಟ್ಟುಕೊಂಡವಳು. ಹೆಣ್ಣಿನ ಜಾಗ ಮನೆಯೇ ಎಂದು ಅವಳು ಒಪ್ಪುವುದಿಲ್ಲ, ಯಂತ್ರದಲ್ಲಿ ತಪ್ಪು ಹುಡುಕುತ್ತಾಳೆ. ಇಂಥವರ ಸಂಖ್ಯೆ ಹೆಚ್ಚುವುದು ಮಾರಾಟಕ್ಕೆ ಒಳ್ಳೆಯದಲ್ಲ. ಮೂರನೆಯವಳು ಸಮತೋಲನದ ಗೃಹಿಣಿ. ಮನೆಯಾಚೆಗೆ ಒಂದಷ್ಟು ಆಸಕ್ತಿ ಇದ್ದವಳು ಅಥವಾ ಮೊದಲು ಕೆಲಸ ಮಾಡಿ ಈಗ ಮನೆಯನ್ನೇ ನೆಚ್ಚಿಕೊಂಡವಳು. ಯಂತ್ರವನ್ನು ಸಂತೋಷದಿಂದ ಸ್ವೀಕರಿಸುತ್ತಾಳೆ, ಆದರೆ ಅದು ಎಲ್ಲವನ್ನೂ ಮಾಡಲಿ ಎಂದು ನಿರೀಕ್ಷಿಸುವುದಿಲ್ಲ, ಏಕೆಂದರೆ ತನ್ನ ಜಾಣ್ಮೆಯನ್ನು ತೋರಿಸಲು ಅವಳಿಗೂ ಕೆಲಸ ಉಳಿದಿರಬೇಕು. ಮಾರುಕಟ್ಟೆಯ ಭವಿಷ್ಯ ಇರುವುದು ಈ ಮೂರನೆಯವಳಲ್ಲಿ, ಆದ್ದರಿಂದ ಹೆಚ್ಚುಹೆಚ್ಚು ಹೆಂಗಸರಿಗೆ ಈ ಗುಂಪಿಗೆ ಸೇರಬೇಕು ಎನಿಸುವಂತೆ ಮಾಡುವುದು ತಯಾರಕರಿಗೆ ಲಾಭ ಎಂಬುದು ಅಧ್ಯಯನದ ಸಲಹೆ.

ಈ ಸಲಹೆಯನ್ನು ದಯವಿಟ್ಟು ಇನ್ನೊಮ್ಮೆ ಓದಿ. ಹೆಂಗಸರಿಗೆ ಏನು ಬೇಕು ಎಂದು ತಿಳಿದು ಅದನ್ನು ಒದಗಿಸುವ ಮಾತು ಇಲ್ಲಿಲ್ಲ. ಯಂತ್ರಕ್ಕೆ ತಕ್ಕ ಹೆಂಗಸನ್ನು ರೂಪಿಸುವ ಮಾತು ಇದೆ. ಯಂತ್ರ ಕೆಲಸವನ್ನು ಪೂರ್ತಿ ಮುಗಿಸಿಬಿಡಬಾರದು ಎಂಬ ಎಚ್ಚರವೂ ಇದೆ. ಕೆಲಸ ಮುಗಿದರೆ ಅವಳು ಹೊರಗೆ ಹೋದಾಳು. ಹೊರಗೆ ಹೋದವಳು ಎರಡನೆಯ ಗುಂಪಿಗೆ ಸೇರಿಯಾಳು. ಫ್ರೀಡನ್ ನೋಡಿದ ಇತರ ವರದಿಗಳಲ್ಲಿಯೂ ಇದೇ ಎಳೆ ಮುಂದುವರಿಯುತ್ತದೆ. ಒಂದೊಂದು ಕೆಲಸಕ್ಕೆ ಒಂದೊಂದು ವಿಶೇಷ ಸಾಧನ ಕೊಟ್ಟರೆ ಗೃಹಿಣಿಗೆ ತಾನು ಪರಿಣತಳು ಎನಿಸುತ್ತದೆ. ಕಣ್ಣಿಗೆ ಕಾಣದ ಕೊಳೆಯ ಬಗ್ಗೆ ಅವಳಲ್ಲಿ ಅಪರಾಧಿ ಭಾವ ಇದೆ, ಅದನ್ನು ಬಳಸಿಕೊಂಡರೆ ಇಡೀ ಮನೆಯನ್ನು ತಲೆಕೆಳಗು ಮಾಡಿ ತೊಳೆಯಲು ಹೊರಡುತ್ತಾಳೆ, ಕೆಲವು ವಾರ ತೃಪ್ತಿಯಾಗಿರುತ್ತಾಳೆ. ಬಿಡುವನ್ನು ಮಾರುವುದಾಗಿ ಹೇಳಿದ ಉದ್ಯಮವೇ ಒಳಗೊಳಗೆ ಹೊಸ ಕೆಲಸಗಳನ್ನು ಹುಡುಕಿ ಅವಳ ಕೈಗೆ ಕೊಡಲು ಹಣ ತೆತ್ತು ಸಂಶೋಧನೆ ನಡೆಸುತ್ತಿತ್ತು. ನಿಮ್ಮ ಗೋಡೆಯ ಮೇಲಿನ ಚಿತ್ರಗಳಲ್ಲಿ ನಗುತ್ತಿರುವ ಹೆಣ್ಣು ಯಾರು ಎಂದು ಸಂದರ್ಶಕರು ಕೇಳಿದರೆ ಕೊಡಬೇಕಾದ ಉತ್ತರ ಇದು: ಅವಳು ವರದಿಯೊಂದರ ಮೂರನೆಯ ಗುಂಪು.

ಜಾಹೀರಾತುಗಳು ಯಾವಾಗಲೂ ಹೆಂಗಸಿನ ಜೊತೆಗೇ ಮಾತನಾಡುತ್ತಿರಲಿಲ್ಲ. ಹೂವರ್ ಕಂಪನಿಯ 1950ರ ದಶಕದ ಪ್ರಸಿದ್ಧ ಜಾಹೀರಾತೊಂದು ಕ್ರಿಸ್‌ಮಸ್ ಬೆಳಿಗ್ಗೆ ಅವಳಿಗೆ ಹೂವರ್ ಸಿಕ್ಕರೆ ಹೆಚ್ಚು ಸಂತೋಷಪಡುತ್ತಾಳೆ ಎಂದು ಗಂಡನಿಗೆ ಹೇಳುತ್ತದೆ. ವ್ಯಾಕ್ಯೂಮ್ ಕ್ಲೀನರ್‌ನ ಹಣ ಅವನದು, ಉಡುಗೊರೆ ಅವನದು, ಅದನ್ನು ಹಿಡಿದು ಮನೆ ಗುಡಿಸುವ ಕೈ ಮಾತ್ರ ಅವಳದು. ಇಲ್ಲಿಯೇ ಒಂದು ತಿದ್ದುಪಡಿ. ಯಂತ್ರ ಅಡುಗೆಯೊಂದನ್ನು ಬಿಟ್ಟು ಎಲ್ಲವನ್ನೂ ಮಾಡುತ್ತದೆ, ಅಡುಗೆಗೆಂದೇ ಹೆಂಡತಿಯರಿರುವುದು ಎಂದು ಸಾರುವ ಕೆನ್‌ವುಡ್ ಮಿಕ್ಸರ್‌ನ ಜಾಹೀರಾತನ್ನೂ ನೀವು ಅದೇ ಸಾಲಿನಲ್ಲಿ ತೂಗುಹಾಕಿದ್ದೀರಿ. ಕೆನ್‌ವುಡ್ ಬ್ರಿಟನ್ನಿನ ಕಂಪನಿ, ಜಾಹೀರಾತು ಕೂಡ ಅಲ್ಲಿನದೇ, 1960ರ ದಶಕದ ಆರಂಭದ್ದು. ಅಮೆರಿಕದ ಲೆಕ್ಕಕ್ಕೆ ಅದನ್ನು ಸೇರಿಸುವುದು ಸರಿಯಲ್ಲ. ಅಮೆರಿಕದ್ದೇ ಸಾಕಷ್ಟಿದೆ.

ಬಣ್ಣಗಳ ವಿಷಯಕ್ಕೆ ಬಂದರೆ, ಆ ಗುಲಾಬಿ ಬಣ್ಣವೂ ಮಾರಾಟದ ಲೆಕ್ಕಾಚಾರದ ಭಾಗ. ಬಿಳಿ ಫ್ರಿಜ್ ಇಪ್ಪತ್ತು ವರ್ಷ ಬಾಳುತ್ತದೆ. ಬಣ್ಣದ ಫ್ರಿಜ್ ಕೆಡದೆಯೂ ಹಳತಾಗುತ್ತದೆ. ಕೊಳ್ಳುವವರಲ್ಲಿ ಅಗತ್ಯಕ್ಕಿಂತ ಸ್ವಲ್ಪ ಮೊದಲೇ, ಇನ್ನಷ್ಟು ಹೊಸದು, ಇನ್ನಷ್ಟು ಒಳ್ಳೆಯದು ಬೇಕೆನಿಸುವಂತೆ ಮಾಡುವುದೇ ತಮ್ಮ ಕೆಲಸ ಎಂದು ವಿನ್ಯಾಸಕಾರ ಬ್ರೂಕ್ಸ್ ಸ್ಟೀವನ್ಸ್ 1954ರಲ್ಲಿ ಬಹಿರಂಗವಾಗಿಯೇ ಹೇಳಿದ್ದರು. ಟ್ರ್ಯಾಕ್ಟರ್ ಮಾಡುತ್ತಿದ್ದ ಇಂಟರ್‌ನ್ಯಾಷನಲ್ ಹಾರ್ವೆಸ್ಟರ್ ಕಂಪನಿಯು ಅಡುಗೆಮನೆಯ ಪರದೆಯ ಬಟ್ಟೆಯನ್ನೇ ಬಾಗಿಲಿಗೂ ಹೊಂದಿಸಬಹುದಾದ ಫ್ರಿಜ್ಜನ್ನು ಮಾರಿತು.

ಟೆಲಿವಿಷನ್ ಬಂದ ಮೇಲೆ ಮಾರಾಟಗಾರರು ಅಂಗಡಿಯಿಂದ ಎದ್ದು ಮನೆಯ ಹಜಾರಕ್ಕೇ ಬಂದು ಕುಳಿತರು. ವೆಸ್ಟಿಂಗ್‌ಹೌಸ್ ಕಂಪನಿಯ ಪ್ರಾಯೋಜಕತ್ವದ ನಾಟಕ ಸರಣಿಯ ನಡುವೆ 1949ರಿಂದ ನಟಿ ಬೆಟ್ಟಿ ಫರ್ನೆಸ್ ಫ್ರಿಜ್ಜಿನ ಬಾಗಿಲು ತೆರೆದು, ಒಲೆಯ ಗುಂಡಿ ತಿರುಗಿಸಿ ತೋರಿಸುತ್ತಿದ್ದರು, ಎಲ್ಲವೂ ನೇರ ಪ್ರಸಾರ. 1952ರಲ್ಲಿ ಎರಡೂ ರಾಜಕೀಯ ಪಕ್ಷಗಳ ಮಹಾಧಿವೇಶನಗಳ ನಡುವೆಯೂ ಅವರೇ. 1954ರಿಂದ 1962ರವರೆಗೆ ಜನರಲ್ ಎಲೆಕ್ಟ್ರಿಕ್ ಕಂಪನಿಯ ಕಾರ್ಯಕ್ರಮವನ್ನು ನಡೆಸಿಕೊಟ್ಟವರು ರೊನಾಲ್ಡ್ ರೇಗನ್. ಅವರ ಮನೆಯನ್ನು ಕಂಪನಿ ತನ್ನ ವಿದ್ಯುತ್ ಯಂತ್ರಗಳಿಂದ ತುಂಬಿಸಿತು, ಆ ಮನೆಯೇ ಜಾಹೀರಾತಾಯಿತು. 1956ರಲ್ಲಿ ಜನರಲ್ ಮೋಟರ್ಸ್ ತನ್ನ ಮೋಟೊರಾಮಾ ಪ್ರದರ್ಶನಕ್ಕಾಗಿ ಮಾಡಿಸಿದ ಕಿರುಚಿತ್ರದಲ್ಲಿ ಹೆಣ್ಣೊಬ್ಬಳು ಭವಿಷ್ಯದ ಅಡುಗೆಮನೆಯಲ್ಲಿ ಕುಣಿಯುತ್ತಾಳೆ. ಯಂತ್ರಕ್ಕೆ ಪಾಕವಿಧಾನದ ಚೀಟಿ ಹಾಕಿ ಗಾಲ್ಫ್ ಆಡಲು, ಟೆನಿಸ್ ಆಡಲು, ಬಿಸಿಲು ಕಾಯಲು ಹೋಗುತ್ತಾಳೆ, ಬರುವ ಹೊತ್ತಿಗೆ ಕೇಕ್ ಸಿದ್ಧ. ನಿಮ್ಮ ಫಲಕ ಹೇಳುವ ಬಿಡುವು ಇರುವುದು ಈ ಕಿರುಚಿತ್ರದಲ್ಲಿ.

ಅದೇ 1956ರಲ್ಲಿ ರಾಷ್ಟ್ರವ್ಯಾಪಿ ಟೆಲಿವಿಷನ್‌ಗೆ ಬಂದ ಇನ್ನೊಂದು ಕಾರ್ಯಕ್ರಮ ‘ಕ್ವೀನ್ ಫಾರ್ ಎ ಡೇ’. ರೇಡಿಯೊದಲ್ಲಿ ಅದು 1945ರಲ್ಲೇ ಶುರುವಾಗಿತ್ತು. ಕಷ್ಟದಲ್ಲಿರುವ ಹೆಂಗಸರು ಒಬ್ಬೊಬ್ಬರಾಗಿ ಬಂದು ತಮ್ಮ ಪಾಡನ್ನು ಹೇಳಿಕೊಳ್ಳಬೇಕು: ಕಾಯಿಲೆ ಬಿದ್ದ ಮಗು, ಕೆಲಸ ಕಳೆದುಕೊಂಡ ಗಂಡ, ಕೆಟ್ಟು ನಿಂತ ಯಂತ್ರ. ಯಾರ ಗೋಳಿಗೆ ಸಭಿಕರ ಚಪ್ಪಾಳೆ ಹೆಚ್ಚು ಎಂದು ಮಾಪಕವೊಂದು ಅಳೆಯುತ್ತದೆ. ಗೆದ್ದವಳ ತಲೆಗೆ ಕಿರೀಟ, ಹೆಗಲಿಗೆ ಮಖಮಲ್ಲಿನ ನಿಲುವಂಗಿ, ಕೈತುಂಬ ಗುಲಾಬಿ, ಆಮೇಲೆ ಕಂಪನಿಗಳು ಪ್ರಚಾರಕ್ಕಾಗಿ ಕೊಟ್ಟ ಬಹುಮಾನಗಳು, ಅವುಗಳಲ್ಲಿ ಗೃಹೋಪಯೋಗಿ ಯಂತ್ರಗಳೂ. ಸೋತವರು ತಮ್ಮ ದುಃಖವನ್ನು ದೇಶಕ್ಕೆಲ್ಲ ಹೇಳಿ ಮನೆಗೆ ಹಿಂದಿರುಗುತ್ತಿದ್ದರು. ಹೊಳೆಯುವ ಅಡುಗೆಮನೆಯ ಚಿತ್ರಗಳ ಜೊತೆ ಈ ಕಾರ್ಯಕ್ರಮದ ಒಂದು ತುಣುಕನ್ನಾದರೂ ನೀವು ತೋರಿಸಬೇಕಿತ್ತು. ಒಂದು ವಾಷಿಂಗ್ ಮೆಷಿನ್‌ಗಾಗಿ ಸಾವಿರಾರು ಜನರ ಮುಂದೆ ಅಳಬೇಕಾದ ಹೆಂಗಸರೂ ಅದೇ ದೇಶದಲ್ಲಿ, ಅದೇ ವರ್ಷಗಳಲ್ಲಿ ಇದ್ದರು.

ಈಗ ನನ್ನನ್ನು ಎಲ್ಲಕ್ಕಿಂತ ಹೆಚ್ಚು ಕಾಡಿದ ವಿಷಯ. ಇಂಥ ಅಡುಗೆಮನೆ ಲೆವಿಟ್‌ಟೌನ್ ಮಾದರಿಯ ಮನೆಗಳಲ್ಲಿ ಇರುತ್ತಿತ್ತು ಎಂದು ಫಲಕದ ಕೊನೆಯ ಸಾಲಿನಲ್ಲಿ ಬರೆದು ಮುಗಿಸಿದ್ದೀರಿ. ನ್ಯೂಯಾರ್ಕಿನ ಲಾಂಗ್ ಐಲೆಂಡ್‌ನಲ್ಲಿ 1947ರಲ್ಲಿ ಆಲೂಗಡ್ಡೆ ಹೊಲಗಳ ಮೇಲೆ ಏಳತೊಡಗಿದ ಲೆವಿಟ್‌ಟೌನ್ ಬಡಾವಣೆಯಲ್ಲಿ ನಾಲ್ಕೇ ವರ್ಷಗಳಲ್ಲಿ 17 ಸಾವಿರಕ್ಕೂ ಹೆಚ್ಚು ಮನೆಗಳು ನಿಂತವು. 1949ರ ಮಾದರಿಯ ಬೆಲೆ 7,990 ಡಾಲರ್. ಒಲೆ, ಫ್ರಿಜ್, ಬೆಂಡಿಕ್ಸ್ ವಾಷಿಂಗ್ ಮೆಷಿನ್ ಎಲ್ಲವೂ ಆ ಬೆಲೆಯೊಳಗೇ. 1950ರ ಮಾದರಿಯಲ್ಲಿ ಟೆಲಿವಿಷನ್ ಕೂಡ. ಸರ್ಕಾರದ ಭದ್ರತೆಯುಳ್ಳ ಸಾಲದಿಂದಾಗಿ ಯುದ್ಧದಿಂದ ಹಿಂದಿರುಗಿದ ಸೈನಿಕರು ಬಹುತೇಕ ಕೈಯಿಂದ ಹಣ ಹಾಕದೆ ಒಳಗೆ ಹೋಗಬಹುದಿತ್ತು. ಫ್ರಿಜ್ಜಿನ ಬೆಲೆ ಮನೆಯ ಕಂತಿನಲ್ಲಿ ಕರಗಿ, ಮೂವತ್ತು ವರ್ಷ ತೀರಿಸುವ ಸಾಲವಾಗಿ ಉಳಿಯುತ್ತಿತ್ತು. ಮಾರಾಟದ ಎಷ್ಟು ದೊಡ್ಡ ಉಪಾಯ ಇದು!

ಆದರೆ ಮೊದಲ ವರ್ಷಗಳ ಬಾಡಿಗೆ ಕರಾರಿನಲ್ಲಿ ಒಂದು ಷರತ್ತಿತ್ತು. ಬಿಳಿಯ ಜನಾಂಗಕ್ಕೆ ಸೇರದ ಯಾರೂ ಈ ಮನೆಯಲ್ಲಿ ವಾಸಿಸಕೂಡದು. ಅದರ ಬೆನ್ನಿಗೇ ಇನ್ನೊಂದು ವಾಕ್ಯ: ಬಿಳಿಯರಲ್ಲದವರನ್ನು ಮನೆಗೆಲಸದ ಆಳುಗಳಾಗಿ ಇಟ್ಟುಕೊಳ್ಳಲು ಅಡ್ಡಿಯಿಲ್ಲ. ಆ ಎರಡನೆಯ ವಾಕ್ಯವನ್ನು ನಿಮ್ಮ ಅಡುಗೆಮನೆಯ ಬಾಗಿಲಿನಲ್ಲೇ ಬರೆದು ಹಾಕಬೇಕು. ಕಪ್ಪು ಹೆಂಗಸು ಆ ವಾಷಿಂಗ್ ಮೆಷಿನ್‌ಗೆ ಬಟ್ಟೆ ತುಂಬಬಹುದು, ಆ ಒಲೆಯ ಮೇಲೆ ಅಡುಗೆ ಮಾಡಬಹುದು. ಸಂಜೆಯಾದ ಮೇಲೆ ಆ ಮನೆ ಅವಳದಾಗುವಂತಿಲ್ಲ. 1948ರಲ್ಲಿ ಸುಪ್ರೀಂ ಕೋರ್ಟ್ ಇಂಥ ಷರತ್ತುಗಳನ್ನು ನ್ಯಾಯಾಲಯಗಳು ಜಾರಿಗೊಳಿಸಲಾರವು ಎಂದು ತೀರ್ಪು ಕೊಟ್ಟ ಮೇಲೆ ಕಾಗದದಿಂದ ಷರತ್ತು ಮಾಯವಾಯಿತು, ರೂಢಿ ಹೋಗಲಿಲ್ಲ. 1957ರ ಆಗಸ್ಟ್‌ನಲ್ಲಿ, ಅದೇ ಹೆಸರಿನ ಇನ್ನೊಂದು ಬಡಾವಣೆಯಾದ ಪೆನ್ಸಿಲ್ವೇನಿಯಾದ ಲೆವಿಟ್‌ಟೌನ್‌ಗೆ ಮೊದಲ ಕಪ್ಪು ಕುಟುಂಬ ಬಂದಾಗ ಮನೆಯ ಮುಂದೆ ಜನ ಗುಂಪುಗೂಡಿ ಕಲ್ಲು ತೂರಿದರು. ಯುದ್ಧದಲ್ಲಿ ಹೋರಾಡಿದ ಕಪ್ಪು ಸೈನಿಕನ ಹೆಂಡತಿಗೂ ಮರಳಿನ ಮೇಲಿನ ಆ ಮನೆಯ ವಾಗ್ದಾನ ಕೇಳಿಸಿರಬೇಕಲ್ಲವೇ?

1940ರಲ್ಲಿ ದುಡಿಯುತ್ತಿದ್ದ ಕಪ್ಪು ಹೆಂಗಸರಲ್ಲಿ ಹೆಚ್ಚುಕಡಿಮೆ ಹತ್ತರಲ್ಲಿ ಆರು ಮಂದಿ ಬೇರೆಯವರ ಮನೆಗೆಲಸ ಮಾಡುತ್ತಿದ್ದವರು. ಅವರಲ್ಲದೆ ಬಟ್ಟೆಯನ್ನು ತಮ್ಮ ಮನೆಗೆ ಒಯ್ದು ಒಗೆದುಕೊಡುತ್ತಿದ್ದ ಹೆಂಗಸರೂ ಇದ್ದರು. ಊರೂರಿನಲ್ಲಿ ಲಾಂಡ್ರಿಗಳಿದ್ದವು, ಅವುಗಳ ಗಾಡಿ ಮನೆಬಾಗಿಲಿಗೆ ಬರುತ್ತಿತ್ತು. ಬಡವರಲ್ಲದ ಬಹಳಷ್ಟು ಕುಟುಂಬಗಳ ಬಟ್ಟೆ ಹಾಗೆ ಹೊರಗೆ ಹೋಗಿ ಒಗೆದು ಬರುತ್ತಿತ್ತು. ವಾಷಿಂಗ್ ಮೆಷಿನ್ ಬಂದು ಆ ಕೆಲಸವನ್ನು ಇಲ್ಲವಾಗಿಸಲಿಲ್ಲ. ಲಾಂಡ್ರಿಯಿಂದಲೂ ಒಗೆದುಕೊಡುವವಳಿಂದಲೂ ಅದನ್ನು ಎತ್ತಿ ಗೃಹಿಣಿಯ ಮಡಿಲಿಗೆ ಹಾಕಿತು. ಯಂತ್ರವನ್ನು ‘ವಿದ್ಯುತ್ ಸೇವಕ’ ಎಂದು ವಿದ್ಯುತ್ ಕಂಪನಿಗಳು ದಶಕಗಳಿಂದ ಕರೆಯುತ್ತ ಬಂದಿದ್ದವು. ಆ ಸೇವಕನನ್ನು ಉಣಿಸಿ, ಬರಿದು ಮಾಡಿ, ಒರೆಸಿಡುವ ಕೆಲಸ ಯಾರದ್ದೆಂದು ಯಾವ ಜಾಹೀರಾತೂ ಬರೆಯಲಿಲ್ಲ. ಲೆವಿಟ್‌ಟೌನ್‌ನಲ್ಲಿ ಹಗ್ಗ ಕಟ್ಟಿ ಬಟ್ಟೆ ಒಣಹಾಕುವುದಕ್ಕೂ ನಿಷೇಧವಿತ್ತು. ಕೊಡೆಯಂತೆ ಬಿಚ್ಚಿ ಮಡಚುವ ಚೌಕಟ್ಟಿನ ಮೇಲೆ, ಅದೂ ವಾರಾಂತ್ಯ ಬಿಟ್ಟು ಉಳಿದ ದಿನಗಳಲ್ಲಿ ಮಾತ್ರ ಹಾಕಬೇಕಿತ್ತು.

ಹಾಗಾದರೆ ಹೊತ್ತು? ಅದನ್ನು ಅಳೆದವರಿದ್ದಾರೆ. 1920ರ ದಶಕದಿಂದಲೂ ಅಮೆರಿಕದಲ್ಲಿ ಗೃಹಶಾಸ್ತ್ರದ ಸಂಶೋಧಕರು ಹೆಂಗಸರಿಂದ ದಿನಚರಿ ಬರೆಸಿ ಕೆಲಸದ ಗಂಟೆಗಳನ್ನು ಲೆಕ್ಕ ಹಾಕುತ್ತಿದ್ದರು. ಸಮಾಜಶಾಸ್ತ್ರಜ್ಞೆ ಜೋಆ್ಯನ್ ವಾನೆಕ್ ಆ ಲೆಕ್ಕಗಳನ್ನು ಒಟ್ಟುಗೂಡಿಸಿ 1974ರಲ್ಲಿ ‘ಸೈಂಟಿಫಿಕ್ ಅಮೆರಿಕನ್’ ಪತ್ರಿಕೆಯಲ್ಲಿ ಪ್ರಕಟಿಸಿದರು. ಹೊರಗಿನ ಕೆಲಸವಿಲ್ಲದ ಗೃಹಿಣಿ 1924ರಲ್ಲಿ ಮನೆಗೆಲಸಕ್ಕೆ ಕೊಡುತ್ತಿದ್ದದ್ದು ವಾರಕ್ಕೆ ಸುಮಾರು 52 ಗಂಟೆ. 1960ರ ದಶಕದಲ್ಲಿ, ಎಲ್ಲ ಯಂತ್ರಗಳೂ ಮನೆಗೆ ಬಂದ ಮೇಲೆ, ಸುಮಾರು 55 ಗಂಟೆ. ಬಟ್ಟೆಗೆ ಕೊಡುವ ಹೊತ್ತು ಕಡಿಮೆಯಾಗಲಿಲ್ಲ, ಹೆಚ್ಚಿತು. ಬಟ್ಟೆಗಳು ಹೆಚ್ಚಾದವು, ಒಂದು ಸಲ ತೊಟ್ಟದ್ದನ್ನು ಒಗೆಯಲು ಹಾಕುವುದು ರೂಢಿಯಾಯಿತು. ಅಡುಗೆಯ ಹೊತ್ತು ಒಂದಿಷ್ಟು ಇಳಿಯಿತು ನಿಜ, ಆದರೆ 1920ರ ದಶಕದಲ್ಲಿ ವಾರಕ್ಕೆ ಎರಡು ಗಂಟೆಯೂ ಹಿಡಿಯದಿದ್ದ ಅಂಗಡಿ ತಿರುಗಾಟ ಸುಮಾರು ಒಂದು ಇಡೀ ದಿನವನ್ನು ನುಂಗತೊಡಗಿತು. ಹಿಂದೆ ಹಾಲಿನವನು, ಮಂಜುಗಡ್ಡೆಯವನು, ದಿನಸಿಯವನು ಮನೆಗೆ ಬರುತ್ತಿದ್ದರು. ಹೊಸ ಬಡಾವಣೆಯಲ್ಲಿ ಅವಳೇ ಕಾರು ತೆಗೆದುಕೊಂಡು ಸೂಪರ್‌ಮಾರ್ಕೆಟ್‌ಗೆ ಹೋಗಬೇಕು, ಮಕ್ಕಳನ್ನು ಎಲ್ಲ ಕಡೆಗೂ ಬಿಟ್ಟು ಕರೆತರಬೇಕು. ತುಂಬಿದಷ್ಟೂ ಹಿಗ್ಗುವ ಚೀಲದ ಹಾಗೆ ಮನೆಗೆಲಸ ಯಂತ್ರ ಉಳಿಸಿದ ಪ್ರತಿ ನಿಮಿಷವನ್ನೂ ಒಳಗೆ ತೆಗೆದುಕೊಂಡಿತು.

ಇದು ತನ್ನಷ್ಟಕ್ಕೆ ಆದದ್ದೆಂದು ನನಗೆ ಅನಿಸುವುದಿಲ್ಲ. ಬೆಳ್ಳಗಿರುವುದು ಸಾಲದು, ಇನ್ನೂ ಬೆಳ್ಳಗಾಗಬೇಕು. ಮನೆ ಶುಚಿಯಾಗಿದ್ದರೆ ಸಾಲದು, ಕಾಣದ ಕೊಳೆಯೂ ಹೋಗಬೇಕು ಎಂದು ಬೆಳಗಿನಿಂದ ರಾತ್ರಿಯವರೆಗೆ ಹೇಳುವ ಧ್ವನಿಯೊಂದು ಹಜಾರದಲ್ಲಿತ್ತು. ಆ ಧ್ವನಿಗೆ ಹಣ ಕೊಟ್ಟವರು ಯಾರೆಂದು ನಮಗೆ ಗೊತ್ತಿದೆ. ಮಾಸ್ಕೋದಲ್ಲಿ 1959ರ ಜುಲೈ 24ರಂದು ಅಮೆರಿಕದ ಮಾದರಿ ಅಡುಗೆಮನೆಯ ಮುಂದೆ ನಿಂತು ಉಪಾಧ್ಯಕ್ಷ ನಿಕ್ಸನ್, ನಮ್ಮ ಗೃಹಿಣಿಯರ ಬದುಕನ್ನು ಸುಲಭಗೊಳಿಸುವುದೇ ನಮ್ಮ ಇಚ್ಛೆ ಎಂದು ಸೋವಿಯತ್ ನಾಯಕ ಕ್ರುಶ್ಚೇವ್‌ಗೆ ಹೇಳಿದರು. ಬದುಕು ಸುಲಭವಾಯಿತೇ ಎಂಬ ಬಗ್ಗೆ ಇಬ್ಬರು ಗಂಡಸರು ವಾದಿಸಿದರು. ಉತ್ತರ ಗೊತ್ತಿದ್ದವರು ಆ ಮಾತುಕತೆಯಲ್ಲಿರಲಿಲ್ಲ.

ಆಗಲೇ ಇನ್ನೊಂದು ಬದಲಾವಣೆಯೂ ನಡೆದಿತ್ತು. 1960ರ ಹೊತ್ತಿಗೆ ಅಮೆರಿಕದ ಮದುವೆಯಾದ ಹೆಂಗಸರಲ್ಲಿ ಸುಮಾರು ಹತ್ತರಲ್ಲಿ ಮೂವರು ಹೊರಗೆ ದುಡಿಯುತ್ತಿದ್ದರು. ಎಷ್ಟೋ ಮನೆಗಳಲ್ಲಿ ಯಂತ್ರದ ಕಂತು ಕಟ್ಟಲು ನೆರವಾದದ್ದು ಅವಳ ಸಂಬಳ. ಆದರೂ ಜಾಹೀರಾತಿನಲ್ಲಿ ಕಚೇರಿಯಿಂದ ಬಂದು ಕೋಟು ಬಿಚ್ಚದೆ ಒಲೆಯ ಮುಂದೆ ನಿಲ್ಲುವ ಹೆಂಗಸು ಕಾಣುವುದಿಲ್ಲ. ಮುತ್ತಿನ ಸರ ಹಾಕಿಕೊಂಡವಳೇ ಎಲ್ಲೆಲ್ಲೂ. ಹೆಣ್ಣುಮಕ್ಕಳಿಗಂತೂ 1963ರಲ್ಲಿ ಎರಡು ವಿದ್ಯುತ್ ಬಲ್ಬುಗಳ ಕಾವಿನಿಂದ ನಿಜವಾಗಿಯೂ ಕೇಕ್ ಬೇಯಿಸುವ ಆಟಿಕೆಯ ಓವನ್ ಬಂತು. 15.95 ಡಾಲರಿನ ಆ ಆಟಿಕೆ ಮೊದಲ ವರ್ಷವೇ ಐದು ಲಕ್ಷ ಮಾರಾಟವಾಯಿತು.

ಹೆಂಗಸರು ಸುಮ್ಮನಿರಲಿಲ್ಲ ಎಂಬುದನ್ನೂ ನಿಮ್ಮ ಪ್ರದರ್ಶನ ಹೇಳುವುದಿಲ್ಲ. 1970ರ ಮಾರ್ಚ್ 18ರಂದು ಸುಮಾರು ನೂರು ಮಂದಿ ಹೆಂಗಸರು ನ್ಯೂಯಾರ್ಕಿನಲ್ಲಿ ‘ಲೇಡೀಸ್ ಹೋಮ್ ಜರ್ನಲ್’ ಸಂಪಾದಕರ ಕೋಣೆಗೆ ನುಗ್ಗಿ ಹನ್ನೊಂದು ಗಂಟೆ ಕಾಲ ಕುಳಿತರು. ನಿಮ್ಮ ಗೋಡೆಯ ಮೇಲಿನಂಥ ಜಾಹೀರಾತುಗಳು ವರ್ಷಗಟ್ಟಲೆ ಅಚ್ಚಾದ ಪತ್ರಿಕೆಗಳಲ್ಲಿ ಅದೂ ಒಂದು. ಹೆಣ್ಣನ್ನು ಕೀಳಾಗಿ ಕಾಣುವ ಜಾಹೀರಾತುಗಳನ್ನು ನಿಲ್ಲಿಸಿ ಎಂಬುದು ಅವರ ಬೇಡಿಕೆಗಳಲ್ಲೊಂದು. ಅದೇ ವರ್ಷದ ಆಗಸ್ಟ್ ಸಂಚಿಕೆಯಲ್ಲಿ ಪತ್ರಿಕೆ ಅವರಿಗೆ ಎಂಟು ಪುಟಗಳನ್ನು ಕೊಟ್ಟಿತು. ಹನ್ನೊಂದು ವರ್ಷ ಫ್ರಿಜ್ಜಿನ ಬಾಗಿಲು ತೆರೆದು ತೋರಿಸಿದ ಬೆಟ್ಟಿ ಫರ್ನೆಸ್ ಏನಾದರು ಗೊತ್ತೇ? 1967ರಲ್ಲಿ ಅಧ್ಯಕ್ಷ ಜಾನ್ಸನ್ ಅವರನ್ನು ಗ್ರಾಹಕ ವ್ಯವಹಾರಗಳ ವಿಶೇಷ ಸಹಾಯಕಿಯಾಗಿ ನೇಮಿಸಿದರು. ಫ್ರಿಜ್ ಮಾರುತ್ತಿದ್ದವಳಿಗೆ ಈ ಕೆಲಸವೇ ಎಂದು ಆಕ್ಷೇಪಿಸಿದವರಿದ್ದರು. ಫರ್ನೆಸ್ ಕೆಲಸ ಕಲಿತರು, ದುಡಿದರು, ಆಮೇಲೆ ಟೆಲಿವಿಷನ್‌ಗೆ ಹಿಂದಿರುಗಿ ಕೊಳ್ಳುವವರ ಪರವಾಗಿ ವರದಿ ಮಾಡುತ್ತ ವರ್ಷಗಳನ್ನೇ ಕಳೆದರು. ನಿಮ್ಮ ಪ್ರದರ್ಶನದಲ್ಲಿ ಅವರ ಒಂದು ಚಿತ್ರವಿದೆ, ವೆಸ್ಟಿಂಗ್‌ಹೌಸ್ ಫ್ರಿಜ್ಜಿನ ಪಕ್ಕದಲ್ಲಿ ನಿಂತದ್ದು. ಅವರ ಬದುಕಿನ ಉಳಿದ ಭಾಗಕ್ಕೂ ಅಲ್ಲಿ ಎರಡು ಸಾಲಿನ ಜಾಗ ಸಿಗಬೇಕು.

ನನ್ನ ಕೋರಿಕೆಗಳು ದೊಡ್ಡವಲ್ಲ. ಯಂತ್ರಗಳು ಬಿಡುವು ತಂದವು ಎಂಬ ವಾಕ್ಯವನ್ನು ತೆಗೆದು, ತಯಾರಕರು ಹಾಗೆಂದು ಭರವಸೆ ಕೊಟ್ಟರು ಎಂದು ಬರೆಯಿರಿ; ಅದರ ಕೆಳಗೆ 52 ಮತ್ತು 55 ಎಂಬ ಎರಡು ಅಂಕಿಗಳನ್ನು ವಿವರಣೆಯೊಂದಿಗೆ ಕೊಡಿ. 1945ರ ಅಧ್ಯಯನದ ಮೂರು ಗುಂಪುಗಳನ್ನು ಜಾಹೀರಾತುಗಳ ಪಕ್ಕದಲ್ಲೇ ಹಾಕಿ, ಆಗ ನೋಡುವವರಿಗೆ ಆ ಚಿತ್ರಗಳನ್ನು ಓದಲು ಒಂದು ಕೀಲಿಕೈ ಸಿಗುತ್ತದೆ. ಲೆವಿಟ್‌ಟೌನ್ ಕರಾರಿನ ಆ ಎರಡು ವಾಕ್ಯಗಳ ಪ್ರತಿ ಫ್ರಿಜ್ಜಿನ ಎದುರಿಗೆ, ಕಣ್ಣಿಗೆ ಬೀಳುವ ಎತ್ತರದಲ್ಲಿರಲಿ. ಇತರರ ಮನೆಗಳಲ್ಲಿ ದುಡಿದ ಕಪ್ಪು ಹೆಂಗಸರ ಮೌಖಿಕ ಇತಿಹಾಸದ ಧ್ವನಿಮುದ್ರಣಗಳು ಈ ದೇಶದ ಗ್ರಂಥಾಲಯಗಳಲ್ಲಿವೆ. ವಾಷಿಂಗ್ ಮೆಷಿನ್‌ನ ಬಳಿ ನಿಂತವರಿಗೆ ಅವುಗಳಲ್ಲಿ ಒಂದನ್ನಾದರೂ ಕೇಳಿಸುವ ವ್ಯವಸ್ಥೆ ಮಾಡಿ. ಬ್ರಿಟನ್ನಿನ ಜಾಹೀರಾತನ್ನು ಬೇರೆ ಕಡೆಗೆ ಸರಿಸಿ. ಆ ಅಡುಗೆಮನೆಯನ್ನು ಬಳಸಿದ ಹೆಂಗಸರಲ್ಲಿ ಕೆಲವರು ಇನ್ನೂ ನಮ್ಮ ನಡುವೆ ಇದ್ದಾರೆ, ತೊಂಬತ್ತು ದಾಟಿದ್ದಾರೆ. ಅವರನ್ನು ಕರೆದು ಕೇಳಲು ಇನ್ನು ಹೆಚ್ಚು ಕಾಲಾವಕಾಶವಿಲ್ಲ.

ಹೊಸ ಫಲಕ ಸಿದ್ಧವಾದರೆ ಅದರ ಕನ್ನಡ ಪಾಠವನ್ನು ನಾವು ಕೆಲವರು ಸೇರಿ ಬರೆದುಕೊಡುತ್ತೇವೆ, ಅದಕ್ಕೆ ಹಣ ಬೇಡ. ನಿಮ್ಮಿಂದ ಬರುವ ಉತ್ತರ ಏನೇ ಆಗಿರಲಿ, ಅದನ್ನೂ ಕನ್ನಡಕ್ಕೆ ತಂದು ಪೂರ್ತಿಯಾಗಿ ಪ್ರಕಟಿಸುತ್ತೇನೆ.

ಇಂತಿ ನಿಮ್ಮ ವಿಶ್ವಾಸಿ,
ನ್ಯೂಜೆರ್ಸಿಯಲ್ಲಿ ನೆಲೆಸಿರುವ ಒಬ್ಬ ಕನ್ನಡತಿ